ವಿಲಿಯಂ ಬರ್ಡ್‌ನ ಲ್ಯಾಟಿನ್ ಕೃತಿಗಳು: ಮಾತಿನ ಆಯ್ಕೆಯ ಪ್ರಶ್ನೆ

ಇಂಗ್ಲೆಂಡಿನ ಸಂಗೀತಚರಿತ್ರೆಯಲ್ಲಿ ವಿಲಿಯಂ ಬರ್ಡ್‌ನದು (ಸು. 1540–1623) ವಿಲಕ್ಷಣವಾದ ಸ್ಥಾನ. ಪ್ರಾಟೆಸ್ಟಂಟ್ ರಾಣಿಯ ರಾಜಪ್ರಾರ್ಥನಾಮಂದಿರದಲ್ಲಿ ವೇತನ ಪಡೆಯುತ್ತಿದ್ದ ಈ ಗಾಯಕನು ಅದೇ ರಾಜ್ಯದ ಶಾಸನವು ನಿಷೇಧಿಸಿದ್ದ ಕ್ಯಾಥೊಲಿಕ್ ಮತವನ್ನು ಜೀವನದುದ್ದಕ್ಕೂ ಬಿಡಲಿಲ್ಲ. ಈ ಇಬ್ಬಂದಿಯ ಬದುಕು ಅವನ ಕೃತಿಗಳಲ್ಲಿ ಎಷ್ಟರಮಟ್ಟಿಗೆ ವ್ಯಕ್ತವಾಗಿದೆ, ಹಾಗೆ ವ್ಯಕ್ತವಾಗಿದೆಯೆಂದು ಹೇಳಲು ನಮಗಿರುವ ಆಧಾರಗಳೇನು ಎಂಬುದೇ ಪ್ರಸ್ತುತ ಲೇಖನದ ವಿಚಾರ.

ಮೊದಲಿಗೆ ಒಂದು ಪಾರಿಭಾಷಿಕ ಸ್ಪಷ್ಟನೆ. ಬರ್ಡ್‌ನನ್ನು ವಾಗ್ಗೇಯಕಾರನೆಂದು ಕರೆಯಲು ಬಾರದು. ನಮ್ಮ ಲಾಕ್ಷಣಿಕರು ಮಾತು, ಧಾತು ಎಂದು ವಿಂಗಡಿಸುತ್ತಾರಷ್ಟೆ. ಇಲ್ಲಿ ಧಾತು ಮಾತ್ರ ಬರ್ಡ್‌ನದು, ಮಾತು ಬೈಬಲಿನದು, ಪೂಜಾವಿಧಿಯದು, ಇಲ್ಲವೆ ಬೇರೊಬ್ಬ ಕವಿಯದು. ಆದರೆ ಯಾವ ಮಾತನ್ನು ಎತ್ತಿಕೊಳ್ಳಬೇಕೆಂಬ ಆಯ್ಕೆ ಅವನದೇ. ಆತನ ಅಂತರಂಗಕ್ಕೆ ನಮಗಿರುವ ಮುಖ್ಯವಾದ ಬಾಗಿಲು ಈ ಆಯ್ಕೆಯೇ ಆಗಿದೆ.

ಬರ್ಡ್‌ನ ಹಿರಿಯನೂ ಸಹೋದ್ಯೋಗಿಯೂ ಆಗಿದ್ದ ಥಾಮಸ್ ಟ್ಯಾಲಿಸ್‌ನ ಬದುಕನ್ನು ಗಮನಿಸಿದರೆ ಆ ಕಾಲದ ಸಂಕಟ ತಿಳಿಯುತ್ತದೆ. 1540ರಲ್ಲಿ ಎಂಟನೆಯ ಹೆನ್ರಿಯು ವಾಲ್ಥಮ್ ಮಠವನ್ನು ಮುಚ್ಚಿಸಿದಾಗ ಟ್ಯಾಲಿಸ್ ಅಲ್ಲಿಯ ಉದ್ಯೋಗವನ್ನು ಕಳೆದುಕೊಂಡನು. ಮುಂದೆ ಆರನೆಯ ಎಡ್ವರ್ಡ್‌ನ ಕಾಲದಲ್ಲಿ, 1549ರಲ್ಲಿ, ಪ್ರಾರ್ಥನೆ ಇಂಗ್ಲಿಷಿಗೆ ತಿರುಗಿತು. 1553ರಲ್ಲಿ ಪಟ್ಟಕ್ಕೆ ಬಂದ ಮೇರಿಯ ಕಾಲದಲ್ಲಿ ಲ್ಯಾಟಿನ್ ಮರಳಿತು. ಎಲಿಜಬೆತ್‌ಳ 1559ರ ಶಾಸನದಿಂದ ಪುನಃ ಇಂಗ್ಲಿಷ್ ಬಂದಿತು. ನಾಲ್ವರು ಅರಸರ ಕೆಳಗೂ ಟ್ಯಾಲಿಸ್ ಹಾಡಿದನು, ಆಯಾ ಕಾಲಕ್ಕೆ ಬೇಕಾದುದನ್ನು ರಚಿಸಿಕೊಟ್ಟನು. ಇದನ್ನು ಅವಕಾಶವಾದವೆಂದು ಕರೆಯುವುದು ಸುಲಭ. ಹೊಟ್ಟೆಪಾಡಿನ ಬೇರೆ ದಾರಿಯಿಲ್ಲದ ಕಲಾವಿದನ ಕಷ್ಟವನ್ನು ಅರಿತವರು ಹಾಗೆ ಹೇಳಲಾರರು.

ಬರ್ಡ್ 1563ರಲ್ಲಿ ಲಿಂಕನ್ ಪ್ರಧಾನ ದೇವಾಲಯದ ಆರ್ಗನ್ ವಾದಕನಾದನು. 1569ರಲ್ಲಿ ಅಲ್ಲಿಯ ಆಡಳಿತ ಮಂಡಳಿಯು ಕೆಲಕಾಲ ಅವನ ವೇತನವನ್ನು ತಡೆಹಿಡಿದುದುಂಟು. 1572ರಲ್ಲಿ ರಾಜಪ್ರಾರ್ಥನಾಮಂದಿರವನ್ನು ಸೇರಿದನು. 1575ರಲ್ಲಿ ರಾಣಿಯು ಟ್ಯಾಲಿಸ್ ಮತ್ತು ಬರ್ಡ್ ಇಬ್ಬರಿಗೂ ಸಂಗೀತ ಮುದ್ರಣದ ಏಕಸ್ವಾಮ್ಯವನ್ನು 21 ವರ್ಷಗಳ ಅವಧಿಗೆ ನೀಡಿದಳು. ಆ ವರ್ಷವೇ ಹೊರಬಂದ ‘ಕಾಂಟಿಯೋನೆಸ್ ಸಾಕ್ರೆ’ ಸಂಕಲನದಲ್ಲಿ 34 ಲ್ಯಾಟಿನ್ ಕೃತಿಗಳಿವೆ, ಒಬ್ಬೊಬ್ಬರವು ಹದಿನೇಳು. ಅದು ರಾಣಿಯ ಆಳ್ವಿಕೆಯ ಹದಿನೇಳನೆಯ ವರ್ಷ. ಗ್ರಂಥ ಮಾರಾಟವಾಗಲಿಲ್ಲ, ಎರಡೇ ವರ್ಷಗಳಲ್ಲಿ ಇಬ್ಬರೂ ರಾಣಿಯಲ್ಲಿ ಆರ್ಥಿಕ ನೆರವನ್ನು ಬೇಡಬೇಕಾಯಿತು.

1581 ಒಂದು ತಿರುವು. ಆ ವರ್ಷದ ಶಾಸನವು ಪ್ರಾಟೆಸ್ಟಂಟ್ ಆರಾಧನೆಗೆ ಗೈರುಹಾಜರಾದವರಿಗೆ ತಿಂಗಳಿಗೆ 20 ಪೌಂಡುಗಳ ದಂಡವನ್ನು ವಿಧಿಸಿತು. ಡಿಸೆಂಬರ್ 1ರಂದು ಜೆಸ್ಯುಯಿಟ್ ಪಾದ್ರಿ ಎಡ್ಮಂಡ್ ಕ್ಯಾಂಪಿಯನ್‌ನಿಗೆ ಲಂಡನ್ನಿನ ಟೈಬರ್ನಿನಲ್ಲಿ ಮರಣದಂಡನೆಯಾಯಿತು. ಅವನ ಸ್ಮರಣೆಗಾಗಿ ಹುಟ್ಟಿದ ಪದ್ಯವೊಂದನ್ನು ಅಚ್ಚುಹಾಕಿದವನು ತನ್ನ ಕಿವಿಗಳನ್ನೇ ತೆರಬೇಕಾಯಿತು. ಬರ್ಡ್ ಆ ಪದ್ಯಕ್ಕೆ ರಾಗವನ್ನು ಜೋಡಿಸಿದನು. 1588ರ ತನ್ನ ಇಂಗ್ಲಿಷ್ ಗೀತಸಂಕಲನದಲ್ಲಿ ಅಪಾಯವಿಲ್ಲದ ಮೊದಲ ಚರಣವನ್ನು ಉಳಿಸಿಕೊಂಡು, ಉಳಿದವುಗಳ ಸ್ಥಾನದಲ್ಲಿ ನಿರುಪದ್ರವಿಯಾದ ಬೇರೆ ಚರಣಗಳನ್ನಿರಿಸಿ ಪ್ರಕಟಿಸಿದನು. ಮೂಲವನ್ನು ಬಲ್ಲವನಿಗೆ ಮೊದಲ ಸಾಲೇ ಸಾಕಾಗಿತ್ತು.

ಈ ದಶಕದಲ್ಲಿ ಅವನು ಎತ್ತಿಕೊಂಡ ಲ್ಯಾಟಿನ್ ಪಠ್ಯಗಳು ಒಂದು ಜಾಡನ್ನು ಹಿಡಿಯುತ್ತವೆ: ಹಾಳಾದ ಜೆರೂಸಲೇಂ, ಬ್ಯಾಬಿಲೋನಿನ ಸೆರೆ, ಬಿಡುಗಡೆಗಾಗಿ ಮೊರೆ. ಪ್ರಾಗಿನ ಆಸ್ಥಾನದ ಸಂಗೀತಗಾರ ಫಿಲಿಪ್ ದ ಮಾಂಟೆ 1583ರಲ್ಲಿ ಬ್ಯಾಬಿಲೋನಿನ ನದೀತೀರದ ಗೋಳಿನ ಕೀರ್ತನೆಯನ್ನು ಸಂಯೋಜಿಸಿ ಬರ್ಡ್‌ನಿಗೆ ಕಳುಹಿದನೆಂದೂ, ಮರುವರ್ಷ ಬರ್ಡ್ ಅದೇ ಕೀರ್ತನೆಯ ಮುಂದಿನ ಭಾಗವನ್ನು ಎಂಟು ಧ್ವನಿಗಳಿಗೆ ಹೊಂದಿಸಿ ಉತ್ತರಿಸಿದನೆಂದೂ 18ನೆಯ ಶತಮಾನದ ಪ್ರತಿಯೊಂದರ ಟಿಪ್ಪಣಿ ಹೇಳುತ್ತದೆ. ಪರದೇಶದಲ್ಲಿ ದೇವರ ಹಾಡನ್ನು ಹಾಡುವುದೆಂತು ಎಂಬುದೇ ಆ ಭಾಗದ ಅಳಲು. ಬರ್ಡ್‌ನಿಗೆ ತನ್ನ ನಾಡೇ ಪರದೇಶವಾಗಿತ್ತು.

ಇದಕ್ಕೊಂದು ಆಕ್ಷೇಪವುಂಟು. ಇಂತಹ ಪಠ್ಯಗಳು ಯೂರೋಪಿನಾದ್ಯಂತ ಸಂಗೀತಗಾರರಿಗೆ ಸಾಮಾನ್ಯ ಸ್ವತ್ತಾಗಿದ್ದವು. ಬರ್ಡ್‌ನಲ್ಲಿ ಮಾತ್ರ ಗೂಢಾರ್ಥವನ್ನು ಅರಸುವುದೇಕೆ? ಈ ಆಕ್ಷೇಪವನ್ನು ತಳ್ಳಿಹಾಕುವಂತಿಲ್ಲ. 1589ರಲ್ಲಿ ಪ್ರಕಟವಾದ ‘ನೆ ಇರಾಸ್ಕಾರಿಸ್’ ಎಂಬ ಕೃತಿಯ ಎರಡನೆಯ ಭಾಗವು ಜೆರೂಸಲೇಮಿನ ಪಾಳನ್ನು ಮತ್ತೆ ಮತ್ತೆ ನೆನೆಯುತ್ತದೆ; ಕ್ಯಾಥೊಲಿಕರ ಶೋಕವೆಂದೇ ಅದನ್ನು ಇಂದು ವ್ಯಾಖ್ಯಾನಿಸುತ್ತಾರೆ. ಅದೇ ಸಂಗೀತಕ್ಕೆ ಇಂಗ್ಲಿಷ್ ಮಾತನ್ನು ತೊಡಿಸಿ ಆಂಗ್ಲಿಕನ್ ದೇವಾಲಯಗಳಲ್ಲಿ ನಿಸ್ಸಂಕೋಚವಾಗಿ ಹಾಡುತ್ತಿದ್ದುದೂ ಉಂಟು. ಧಾತು ಯಾರ ಪಕ್ಷವನ್ನೂ ವಹಿಸುವುದಿಲ್ಲ. ಹೀಗಿರುವುದರಿಂದ ಒಂದೊಂದು ಕೃತಿಯನ್ನು ಬಿಡಿಯಾಗಿ ಸಾಕ್ಷಿಗೆ ಕರೆಯುವುದು ಸರಿಯಲ್ಲ. ಪಠ್ಯಗಳ ಗುಂಪು, ಅವು ಬಂದ ಕಾಲ, ಅವು ಅಚ್ಚಾದ ಬಗೆ ಈ ಮೂರನ್ನೂ ಕೂಡಿಸಿ ನೋಡಬೇಕು.

ಅಚ್ಚಾದ ಬಗೆಯಂತೂ ಸ್ವತಃ ಮಾತನಾಡುತ್ತದೆ. ಸು. 1593ರಲ್ಲಿ ಬರ್ಡ್ ಕುಟುಂಬಸಮೇತನಾಗಿ ಎಸೆಕ್ಸ್ ಪ್ರಾಂತದ ಸ್ಟಾಂಡನ್ ಮ್ಯಾಸಿಗೆ ಹೋಗಿ ನೆಲಸಿದನು. ಸಮೀಪದ ಇಂಗೇಟ್‌ಸ್ಟೋನಿನಲ್ಲಿ ಅವನ ಆಶ್ರಯದಾತರಾದ ಪೀಟರ್ ಮನೆತನದವರಿದ್ದರು. ಕ್ಯಾಥೊಲಿಕ್ ಪೂಜೆ ಅಂತಹ ಮನೆಗಳಲ್ಲಿ ಗುಟ್ಟಾಗಿ ನಡೆಯುತ್ತಿತ್ತು. ಮೂರು, ನಾಲ್ಕು, ಐದು ಧ್ವನಿಗಳ ಮೂರು ‘ಮಾಸ್’ಗಳು ಈ ಅವಧಿಯವು. ಇವಕ್ಕೆ ಮುಖಪುಟವಿಲ್ಲ, ವರ್ಷವಿಲ್ಲ, ಮುದ್ರಕನ ಹೆಸರಿಲ್ಲ. ಮುದ್ರಕ ಥಾಮಸ್ ಈಸ್ಟ್ ಎಂಬುದನ್ನೂ, ಕಾಲ 1592ರಿಂದ 1595ರ ಆಸುಪಾಸು ಎಂಬುದನ್ನೂ ವಿದ್ವಾಂಸರು ಅಚ್ಚುಮೊಳೆ, ಅಲಂಕೃತ ಅಕ್ಷರಗಳ ಸವೆತವೇ ಮೊದಲಾದವುಗಳಿಂದ ನಿರ್ಧರಿಸಿದ್ದಾರೆ. ಪುಷ್ಪಿಕೆಯಿಲ್ಲದ ಹಸ್ತಪ್ರತಿಗಳೊಡನೆ ಹೆಣಗಿದವರಿಗೆ ಈ ಕ್ರಮ ಹೊಸದೆನಿಸದು. ಆದರೆ ಅಲ್ಲಿ ಪುಷ್ಪಿಕೆ ಕಾಲವಶದಿಂದ ಕಳೆದಿರುತ್ತದೆ, ಇಲ್ಲಿ ಬೇಕೆಂದೇ ಬಿಟ್ಟಿದೆ. ವಿಚಿತ್ರವೆಂದರೆ, ಎಲ್ಲವನ್ನೂ ಮರೆಸಿದ ಬರ್ಡ್ ತನ್ನ ಹೆಸರನ್ನು ಮಾತ್ರ ಪುಟಗಳ ತಲೆಯಲ್ಲಿ ಉಳಿಸಿದ್ದಾನೆ. ನಾಲ್ಕು ಧ್ವನಿಗಳ ಮಾಸ್‌ನ ಕೊನೆಯಲ್ಲಿ ಶಾಂತಿಯನ್ನು ಬೇಡುವ ಮೂರು ಪದಗಳ ಮೇಲೆ ಸ್ವರಗಳು ಒಂದನ್ನೊಂದು ತಡೆತಡೆದು ಇಳಿಯುವ ಪರಿಯನ್ನು ಕೇಳಿದವರು ಅದನ್ನು ಬರಿಯ ವಿಧಿಯೆಂದು ಭಾವಿಸಲಾರರು.

1605ರಲ್ಲಿ ವರ್ಷದ ಹಬ್ಬಗಳ ಪೂಜಾಪಠ್ಯಗಳನ್ನೊಳಗೊಂಡ ‘ಗ್ರಾಡುವಾಲಿಯಾ’ದ ಮೊದಲ ಸಂಪುಟವನ್ನು ಬಹಿರಂಗವಾಗಿ, ಹೆಸರು ಸಹಿತ ಪ್ರಕಟಿಸಿದನು. ನವೆಂಬರಿನಲ್ಲಿ ಮದ್ದಿನ ಸಂಚು ಬಯಲಾಯಿತು. ಈ ಪುಸ್ತಕ ಕೈಯಲ್ಲಿದ್ದ ಕಾರಣಕ್ಕೆ ಶಾರ್ಲ್ ದ ಲಿನ್ಯಿ ಎಂಬ ಫ್ರೆಂಚನು ಸೆರೆಮನೆ ಕಂಡನು. ಆದರೂ 1607ರಲ್ಲಿ ಎರಡನೆಯ ಸಂಪುಟ ಬಂದಿತು, 1610ರಲ್ಲಿ ಎರಡೂ ಮತ್ತೆ ಹೊರಬಂದವು. ಪವಿತ್ರವಾದ ಪದಗಳನ್ನು ಮನನ ಮಾಡುವವನಿಗೆ ತಕ್ಕ ಸ್ವರಗಳು ತಾವಾಗಿಯೇ ಒದಗಿಬರುವ ಗುಪ್ತಶಕ್ತಿ ಅವುಗಳಲ್ಲಿದೆಯೆಂಬ ಆಶಯವನ್ನು ಬರ್ಡ್ ಮೊದಲ ಸಂಪುಟದ ಅರ್ಪಣೆಯಲ್ಲಿ ಹೇಳಿಕೊಂಡಿದ್ದಾನೆ. ಮಾತಿನ ಆಯ್ಕೆಗೆ ನಾವು ಇಷ್ಟು ಒತ್ತು ಕೊಡುವುದಕ್ಕೆ ಇದು ಅವನದೇ ಸಮರ್ಥನೆ.

ಅವನು ರಾಜಧರ್ಮದ ಆರಾಧನೆಗೂ ಉತ್ಕೃಷ್ಟವಾದುದನ್ನೇ ಕೊಟ್ಟನೆಂಬುದನ್ನು ಮರೆಯಬಾರದು. ಹತ್ತು ಧ್ವನಿಗಳವರೆಗೆ ವಿಸ್ತರಿಸುವ ‘ಗ್ರೇಟ್ ಸರ್ವಿಸ್’ ಆಂಗ್ಲಿಕನ್ ಸಂಗೀತದ ಶಿಖರಗಳಲ್ಲೊಂದು. ಆದರೆ ಶಾಸನಬದ್ಧವಾದ ಈ ಕೃತಿಯನ್ನು ಮುದ್ರಣದ ಹಕ್ಕುಳ್ಳ ಬರ್ಡ್ ಅಚ್ಚುಹಾಕಿಸಲಿಲ್ಲ, ಅಪಾಯಕಾರಿಯಾದವನ್ನು ಅಚ್ಚುಹಾಕಿಸಿದನು. ಆಂಗ್ಲಿಕನ್ ಗಾಯಕವೃಂದಗಳು ಕೈಬರಹದ ಪ್ರತಿಗಳನ್ನೇ ಬಳಸುತ್ತಿದ್ದುದರಿಂದ ಮುದ್ರಣದ ಅಗತ್ಯವಿರಲಿಲ್ಲವೆಂದು ಹೇಳಬಹುದು, ಅದು ನಿಜವೂ ಹೌದು. ಆದರೆ ಚದುರಿಹೋಗಿದ್ದ ಕ್ಯಾಥೊಲಿಕ್ ಮನೆಗಳಿಗೆ ಮುದ್ರಣವೇ ದಾರಿಯೆಂದು ಬಗೆದು ಆ ಅಪಾಯವನ್ನು ಅವನು ಮೈಮೇಲೆ ಎಳೆದುಕೊಂಡನೆಂಬುದು ನಮ್ಮ ಅಭಿಪ್ರಾಯ. ‘ಗ್ರೇಟ್ ಸರ್ವಿಸ್’ ಕೈಬರಹದ ಧ್ವನಿಪುಸ್ತಕಗಳಲ್ಲಿ ಹುದುಗಿ ಕುಳಿತಿತ್ತು. ಎಡ್ಮಂಡ್ ಫೆಲೋಸ್ ಅದನ್ನು ಡರಮ್ ದೇವಾಲಯದಲ್ಲಿ ಗುರುತಿಸಿದ್ದು ಇಪ್ಪತ್ತನೆಯ ಶತಮಾನದಲ್ಲಿ.