ಆಕಾಶದಿಂದ ಇಳಿದ ಅನ್ನ

ಯುದ್ಧವಿಮಾನವೆಂದೊಡನೆ ನಮ್ಮ ಕಣ್ಣ ಮುಂದೆ ನಿಲ್ಲುವುದು ಬಾಂಬು. ಆದರೆ ಬ್ರಿಟಿಷ್ ವಿಮಾನದಳಗಳು ಪರದೇಶಗಳಲ್ಲಿ ಸಲ್ಲಿಸಿದ ಸೇವೆಯಲ್ಲಿ ಹಿಟ್ಟಿನ ಮೂಟೆಯ ಕಥೆಯೂ ಒಂದುಂಟು.

1915ರ ಡಿಸೆಂಬರಿನಲ್ಲಿ ಮೆಸೊಪೊಟೇಮಿಯಾದ ಕೂಟ್ ಪಟ್ಟಣದೊಳಗೆ ಜನರಲ್ ಟೌನ್‌ಷೆಂಡನ ಸೈನ್ಯವನ್ನು ತುರ್ಕರು ಮುತ್ತಿದರು. ಒಳಗಿದ್ದ ಸಿಪಾಯಿಗಳಲ್ಲಿ ಬಹುಮಂದಿ ಭಾರತೀಯರು. ನೆಲದ ದಾರಿಯೂ ನದಿಯ ದಾರಿಯೂ ಮುಚ್ಚಿಹೋಗಲು, 1916ರ ಏಪ್ರಿಲಿನಲ್ಲಿ 30ನೆಯ ವಿಮಾನದಳದವರೂ ನೌಕಾಪಡೆಯ ವೈಮಾನಿಕರೂ ಆಕಾಶಮಾರ್ಗವಾಗಿ ಆಹಾರವನ್ನು ಸಾಗಿಸತೊಡಗಿದರು. ದಿನಕ್ಕೆ 5,000 ಪೌಂಡು ಇಳಿಸಬೇಕೆಂಬುದು ಗುರಿ. ಅಂದಿನ ದುರ್ಬಲ ಯಂತ್ರಗಳಿಗೆ ಅಷ್ಟು ಭಾರ ಅಳವಾಗಲಿಲ್ಲ. ಕೆಲವು ಮೂಟೆಗಳು ಟೈಗ್ರಿಸ್ ನದಿಯ ಪಾಲಾದುವು, ಕೆಲವು ಶತ್ರುವಿನ ಪಾಲಾದುವು. ಏಪ್ರಿಲ್ 29ರಂದು ಹಸಿದ ಸೈನ್ಯ ಶರಣಾಯಿತು. ಸೆರೆಯಾದ ಸುಮಾರು 13,000 ಮಂದಿಯಲ್ಲಿ ಸಾವಿರಾರು ಜನ ಮರಳಿ ಮನೆಯನ್ನು ಕಾಣಲಿಲ್ಲ.

ಇಪ್ಪತ್ತೆಂಟು ವರ್ಷಗಳ ತರುವಾಯ, 1944ರಲ್ಲಿ, ಜಪಾನೀಯರು ಇಂಫಾಲದ ಹೆದ್ದಾರಿಯನ್ನು ಕಡಿದರು. ಮಣಿಪುರದ ಬಯಲಿನಲ್ಲಿ ಸಿಕ್ಕಿಬಿದ್ದವರು ಸುಮಾರು 1,50,000 ಮಂದಿ. ಈ ಸಲ 194ನೆಯ ದಳವೇ ಮೊದಲಾದವುಗಳ ಡಕೋಟಾ ವಿಮಾನಗಳು, ಅಮೆರಿಕದವರ ವಿಮಾನಗಳೊಡಗೂಡಿ, ಮುಂಗಾರಿನ ಮೋಡಗಳ ನಡುವೆಯೂ ಆಹಾರವನ್ನೂ ಮದ್ದುಗುಂಡುಗಳನ್ನೂ ತಂದು, ಗಾಯಾಳುಗಳನ್ನು ಹೊತ್ತೊಯ್ದುವು. ಜೂನ್ 22ರಂದು ದಾರಿ ತೆರೆಯಿತು, ಸೈನ್ಯ ಉಳಿಯಿತು.

ಕೂಟ್‌ನ ವೈಮಾನಿಕರಲ್ಲಿ ಧೈರ್ಯಕ್ಕೇನೂ ಕೊರತೆಯಿರಲಿಲ್ಲ. ಕೊರತೆಯಿದ್ದುದು ಭಾರ ಹೊರಬಲ್ಲ ವಿಮಾನಗಳಿಗೆ. ಅದರ ಬೆಲೆಯನ್ನು ತೆತ್ತವರು ಕೆಳಗೆ ಹಸಿದು ಕಾದಿದ್ದವರು.