ಬೀದರಿನ ಝರಿ, ಬೀದರಿನ ಕ್ಷೌರಿಕ

ನೀರು ಕೊಟ್ಟವರನ್ನು ನಮ್ಮ ಜನ ಮರೆಯುವುದಿಲ್ಲ. ನಮ್ಮೂರು ಸಖರಾಯಪಟ್ಟಣದಲ್ಲಿ ಅಯ್ಯನಕೆರೆಯ ಮಾತು ಬಂದರೆ ಹೊನ್ನಬಿಲ್ಲನ ಹೆಸರೂ ಬರಲೇಬೇಕು. ಏರಿ ಒಡೆದುಕೊಂಡು ಹೋಗುತ್ತೇನೆಂದು ಗಂಗಮ್ಮ ಹೇಳಿದಾಗ, ದೊರೆಗೆ ಸುದ್ದಿ ಮುಟ್ಟಿಸಿ ಬರುವವರೆಗೆ ತಡಿ ತಾಯಿ ಎಂದು ಮಾತು ತೆಗೆದುಕೊಂಡು ಓಡಿದ ನೀರುಗಂಟಿ ಅವನು. ಅವನು ಮರಳಿ ಹೋಗದಿದ್ದರೆ ಏರಿ ಉಳಿಯುತ್ತದೆಂದು ದೊರೆ ಅವನ ಪ್ರಾಣವನ್ನೇ ತೆಗೆಸಿದ ಎಂಬುದು ಕಥೆ. ಕೆರೆ ಕಟ್ಟಿಸಿದವನು ರುಕ್ಮಾಂಗದ ರಾಯ ಎನ್ನುತ್ತಾರೆ. 1156ರಲ್ಲಿ, ಹೊಯ್ಸಳರ ಕಾಲದಲ್ಲಿ, ಅದು ಜೀರ್ಣೋದ್ಧಾರವಾಯಿತು. ಆದರೂ ಊರಿನ ಹಿರಿಯರು ಕಣ್ಣಲ್ಲಿ ನೀರು ತಂದುಕೊಂಡು ಹೇಳುವುದು ನೀರುಗಂಟಿಯ ವಿಷಯವನ್ನೇ.

ಇತಿಹಾಸದ ಮೇಷ್ಟ್ರಾಗಿ ಬೀದರ್ ಜಿಲ್ಲೆಗೆ ವರ್ಗವಾಗಿ ಹೋದ ನನಗೆ ಅಲ್ಲಿಯೂ ಸಿಕ್ಕಿದ್ದು ನೀರಿನ ಕಥೆಯೇ. ಕೊಟ್ಟವರು ಮಾತ್ರ ಬಲು ದೂರದವರು. ಗುರು ನಾನಕರು ಹುಟ್ಟಿದ್ದು 1469ರಲ್ಲಿ, ಈಗ ಪಾಕಿಸ್ತಾನದಲ್ಲಿರುವ ತಲವಂಡಿಯಲ್ಲಿ. ರಬಾಬ್ ನುಡಿಸುವ ಮರದಾನ ಎಂಬ ಮುಸ್ಲಿಂ ಗೆಳೆಯನನ್ನು ಜೊತೆಗೆ ಕರೆದುಕೊಂಡು ವರ್ಷಗಟ್ಟಲೆ ನಾಡು ಸುತ್ತಿದರು. 1510ರ ನಂತರದ ವರ್ಷಗಳಲ್ಲಿ, ದಕ್ಷಿಣದ ಯಾತ್ರೆಯಲ್ಲಿ, ಅವರು ಬೀದರಿಗೆ ಬಂದರೆಂದು ಸಿಖ್ಖರು ನಂಬುತ್ತಾರೆ. ಬಹಮನಿ ಸುಲ್ತಾನರು ಆಗ ಹೆಸರಿಗೆ ಮಾತ್ರ ಸಿಂಹಾಸನದ ಮೇಲಿದ್ದರು, ಅಧಿಕಾರವೆಲ್ಲ ಬರೀದ್ ಮನೆತನದ ಕೈ ಸೇರಿತ್ತು. ನಾನಕರು ಕೋಟೆಯ ಕಡೆ ಹೋಗದೆ ಊರ ಹೊರಗೆ, ಫಕೀರರು ತಂಗುವ ಜಾಗದಲ್ಲಿ ಉಳಿದರು. ಸುತ್ತಲಿನ ಜನ ಬಂದು, ಬಾವಿ ತೋಡಿದರೆ ನೀರು ಬರುವುದಿಲ್ಲ, ಬಂದರೂ ಉಪ್ಪುನೀರು, ಕುಡಿಯಲಾಗದು ಎಂದು ಗೋಳು ತೋಡಿಕೊಂಡರು. ಗುರುಗಳು ಗುಡ್ಡದ ಬುಡದ ಕಲ್ಲೊಂದನ್ನು ಪಾದದಿಂದ ಸರಿಸಿದರು, ಅಲ್ಲಿಂದ ಸಿಹಿನೀರು ಹೊಮ್ಮಿತು. ಇದೇ ನಾನಕ್ ಝೀರಾ.

ಬೀದರ್ ಪಟ್ಟಣ ನಿಂತಿರುವುದು ಜಂಬಿಟ್ಟಿಗೆ ಕಲ್ಲಿನ ದಿಬ್ಬದ ಮೇಲೆ. ಮಳೆಯ ನೀರು ಆ ಕಲ್ಲಿನ ರಂಧ್ರಗಳಲ್ಲಿ ಇಳಿಯುತ್ತದೆ. ಕೆಳಗಿನ ಗಟ್ಟಿ ಕರಿಕಲ್ಲು ಅದನ್ನು ಇನ್ನೂ ಆಳಕ್ಕೆ ಬಿಡುವುದಿಲ್ಲ. ಹೀಗಾಗಿ ದಿಬ್ಬದ ಅಂಚುಗಳಲ್ಲಿ ನೀರು ಒಸರುತ್ತದೆ. ಪಾಪನಾಶದ ಶಿವನ ಗುಡಿಯ ಬಳಿಯೂ ಹೀಗೆಯೇ. ಝರಣಿ ನರಸಿಂಹನ ಗುಹೆಯಲ್ಲಂತೂ ಭಕ್ತರು ಎದೆಮಟ್ಟದ ನೀರಿನಲ್ಲಿ ನಡೆದುಹೋಗಿ ದೇವರನ್ನು ಕಾಣುತ್ತಾರೆ. ನೌಬಾದಿನ ಸುರಂಗ ಬಾವಿಗಳನ್ನು ಬಹಮನಿಗಳ ಕಾಲದ ಜನ ಈ ನೆಲದ ಗುಣ ಅರಿತೇ ಕೊರೆದರು. ಇದನ್ನು ಹೇಳಿದರೆ ಗುರುಗಳ ಮಹಿಮೆ ಕಡಿಮೆಯಾಗುತ್ತದೆಂದು ನನಗೆ ಅನ್ನಿಸುವುದಿಲ್ಲ. ಬಾಯಾರಿದವರ ಮಾತು ಕೇಳಲು ಒಬ್ಬರು ಕುಳಿತರು, ಕೇಳಿ ಸುಮ್ಮನಾಗಲಿಲ್ಲ. ಐನೂರು ವರ್ಷ ಜನ ನೆನಪಿಟ್ಟುಕೊಂಡಿರುವುದು ಅದನ್ನೇ.

ಈಗಿನ ಗುರುದ್ವಾರ ಕಟ್ಟಿದ್ದು 1948ರಲ್ಲಿ. ಒಳಗೆ ಹೋಗುವವರು ಚಪ್ಪಲಿ ಬಿಟ್ಟು, ಕಾಲು ತೊಳೆದು, ತಲೆಗೆ ಬಟ್ಟೆ ಕಟ್ಟಿಕೊಳ್ಳಬೇಕು. ಝರಿಯ ನೀರು ಅಮೃತಕುಂಡದಲ್ಲಿ ಸೇರುತ್ತದೆ. ಲಂಗರಿನಲ್ಲಿ, ಎಂದರೆ ಸಾಮೂಹಿಕ ಊಟದ ಮನೆಯಲ್ಲಿ, ಎಲ್ಲರೂ ನೆಲದ ಮೇಲೆ ಸಾಲಾಗಿ ಕೂರುತ್ತಾರೆ. ರೊಟ್ಟಿ ಬಡಿಸುವವರು ಬಂದಾಗ ಎರಡೂ ಅಂಗೈ ಜೋಡಿಸಿ ಮುಂದೆ ಚಾಚಬೇಕು, ರೊಟ್ಟಿ ಕೈಗೇ ಬೀಳುತ್ತದೆ. ಲಾರಿ ಡ್ರೈವರು, ಹೊಲದಿಂದ ಬಂದ ಹೆಂಗಸು, ಕಾಲೇಜು ಹುಡುಗರು, ನನ್ನಂಥ ಮೇಷ್ಟ್ರು, ಎಲ್ಲರೂ ಹಾಗೆಯೇ ಕೈಯೊಡ್ಡಬೇಕು. ದಾಲ್ ಮುಗಿಯುವ ಮೊದಲೇ ಇನ್ನೊಂದು ಸೌಟು ಬಂದಿರುತ್ತದೆ. ಉಂಡವರ ತಟ್ಟೆ ತಿಕ್ಕುವುದನ್ನು ಅಲ್ಲಿ ಸೇವೆ ಎಂದೇ ಭಾವಿಸುತ್ತಾರೆ. ಅನುಕೂಲಸ್ಥರ ಮನೆಯವರೂ ಸೆರಗು ಸಿಕ್ಕಿಸಿಕೊಂಡು ತೊಟ್ಟಿಯ ಮುಂದೆ ನಿಲ್ಲುತ್ತಾರೆ.

ಬೀದರ್ ಬರೀ ಪಡೆದ ಊರಲ್ಲ, ಕೊಟ್ಟ ಊರು ಕೂಡ. 1699ರ ಬೈಸಾಖಿಯ ದಿನ ಆನಂದಪುರದಲ್ಲಿ ಸಿಖ್ಖರ ಹತ್ತನೆಯ ಗುರು ಗೋಬಿಂದ್ ಸಿಂಗರು ಕತ್ತಿ ಹಿರಿದು ನಿಂತು ತಲೆ ಕೊಡುವವರು ಯಾರೆಂದು ಕೇಳಿದರು. ಒಬ್ಬೊಬ್ಬರಾಗಿ ಐವರು ಎದ್ದರು. ಲಾಹೋರಿನ ದಯಾರಾಮ, ಹಸ್ತಿನಾಪುರದ ಧರಮದಾಸ, ಜಗನ್ನಾಥಪುರಿಯ ಹಿಮ್ಮತ್ ರಾಯ್, ದ್ವಾರಕೆಯ ಮೊಹಕಮ್ ಚಂದ್, ಬೀದರಿನ ಸಾಹಿಬ್ ಚಂದ್. ಪಂಚ ಪ್ಯಾರೆಗಳೆಂದರೆ ಇವರೇ. ಈ ಐವರಿಗೆ ಅಮೃತದೀಕ್ಷೆ ಕೊಟ್ಟು ಖಾಲ್ಸಾ ಪಂಥವನ್ನು ಆರಂಭಿಸಿದ ಗುರುಗಳು, ಆಮೇಲೆ ತಾವೇ ಅವರ ಮುಂದೆ ಕೈಮುಗಿದು ದೀಕ್ಷೆ ಪಡೆದರು. ನಮ್ಮ ನೆಲದ ಸಾಹಿಬ್ ಚಂದ್ ವೃತ್ತಿಯಲ್ಲಿ ಕ್ಷೌರಿಕ. ಬೆಳಗ್ಗೆ ಎದುರಿಗೆ ಬಂದರೆ ಅಪಶಕುನವೆಂದು ಜನ ಮುಖ ತಿರುಗಿಸುತ್ತಿದ್ದ ಕುಲದವನ ಮುಂದೆ ಗುರುವೇ ಬೊಗಸೆಯೊಡ್ಡಿದ! ಭಾಯಿ ಸಾಹಿಬ್ ಸಿಂಗನಾದ ಆತ 1704ರ ಡಿಸೆಂಬರಿನಲ್ಲಿ ಚಮಕೌರ್ ಯುದ್ಧದಲ್ಲಿ ಮಡಿದ.

ಅತ್ತ ಪಂಜಾಬಿನಿಂದ ಇತ್ತ ಬಂದವಳು ಮಾಯಿ ಭಾಗೋ. ಗುರುವನ್ನು ತೊರೆದು ಬಂದ 40 ಮಂದಿಯನ್ನು ನಾಚಿಸಿ, ಮರಳಿ ಯುದ್ಧಕ್ಕೆ ಕರೆದೊಯ್ದ ಹೆಂಗಸು. 1708ರಲ್ಲಿ ಗೋಬಿಂದ್ ಸಿಂಗರು ನಾಂದೇಡಿನಲ್ಲಿ ತೀರಿಕೊಂಡ ಮೇಲೆ ಆಕೆ ಬೀದರಿನ ಹತ್ತಿರದ ಜನವಾಡಕ್ಕೆ ಬಂದು, ಧ್ಯಾನದಲ್ಲೇ ಉಳಿದ ಆಯುಷ್ಯ ಕಳೆದಳು. ಆಕೆ ತಪಸ್ಸು ಮಾಡಿದಲ್ಲಿ ಇಂದು ಗುರುದ್ವಾರವಿದೆ.

ಈ ಕಥೆಯಲ್ಲಿ ನೋವೂ ಇದೆ. 1988ರ ಸೆಪ್ಟೆಂಬರಿನಲ್ಲಿ ಇದೇ ಬೀದರಿನಲ್ಲಿ, ಓದಲು ಬಂದ ಸಿಖ್ ವಿದ್ಯಾರ್ಥಿಗಳ ಮೇಲೆ ದಾಳಿ ನಡೆದು ಕೆಲವರು ಪ್ರಾಣ ಕಳೆದುಕೊಂಡರು. ಝರಿಯ ಮಹಿಮೆ ಹೇಳುವವರು ಇದನ್ನು ಬಿಟ್ಟು ಹೇಳಬಾರದು. ನೀರಿನ ಋಣ ತೀರಿಸಬೇಕಾಗಿದ್ದ ಊರಿನಲ್ಲಿ ಅತಿಥಿಗಳ ರಕ್ತ ಬಿತ್ತು.

ಬೀದರ್ ಜಿಲ್ಲೆಯಲ್ಲೇ ಬಸವಕಲ್ಯಾಣವಿದೆ. ನಮ್ಮ ಅಯ್ಯನಕೆರೆಯ ಏರಿ ಜೀರ್ಣೋದ್ಧಾರವಾದ ಹೊತ್ತಿಗೆ ಅಲ್ಲಿನ ಅನುಭವ ಮಂಟಪದಲ್ಲಿ ಬಸವಣ್ಣನವರ ಸುತ್ತ ಶರಣರು ನೆರೆಯುತ್ತಿದ್ದರು. ಕ್ಷೌರಿಕ ವೃತ್ತಿಯ ಹಡಪದ ಸಮುದಾಯ ಇಂದಿಗೂ ತನ್ನ ಗುರುವೆಂದು ಪೂಜಿಸುವ ಅಪ್ಪಣ್ಣ ಆ ಅನುಭವ ಮಂಟಪದವನು. ಅಲ್ಲಿ ಕಾಯಕ, ದಾಸೋಹ. ನಾನಕರಲ್ಲಿ ದುಡಿದು ಹಂಚಿ ಉಣ್ಣುವ ನೇಮ. ಒಂದರಿಂದ ಇನ್ನೊಂದು ಹುಟ್ಟಿತೆಂದು ನಾನು ಹೇಳುತ್ತಿಲ್ಲ. ಎರಡೂ ಕಡೆ ದುಡಿಯುವವರನ್ನು ಕೆಳಗಿಟ್ಟ ಸಮಾಜದಲ್ಲಿ ಅನ್ನ ನೀರಿನ ಮೂಲಕವೇ ಸಮಾನತೆ ಕಲಿಸಿದರು ಎನ್ನುತ್ತಿದ್ದೇನೆ. ನಮ್ಮ ಮಕ್ಕಳು ನಾನಕರನ್ನು ಉತ್ತರ ಭಾರತದ ಭಕ್ತಿಪಂಥದ ಪಾಠದಲ್ಲಿ ಓದಿ ಮುಗಿಸುತ್ತಾರೆ. ಖಾಲ್ಸಾದ ಮೊದಲ ಐವರಲ್ಲಿ ಒಬ್ಬ ಬೀದರಿನ ಕ್ಷೌರಿಕ ಎಂಬುದನ್ನು ಕಡೂರು, ತರೀಕೆರೆಯ ಶಾಲೆಯ ಮಕ್ಕಳಿಗೂ ಹೇಳಬೇಕು. ಸಾಹಿಬ್ ಸಿಂಗನ ಹೆಸರು ಕರ್ನಾಟಕದ ಇತಿಹಾಸದ ಪಾಠದಲ್ಲಿಯೇ ಬರಬೇಕು, ಹಡಪದ ಅಪ್ಪಣ್ಣನ ಹೆಸರಿನ ಜೊತೆಗೆ.