ಅಂಗಿಯ ಮೇಲೆ ಹೆಸರಿಲ್ಲದ ಹಾಡುಗಳು

ಹೋದ ತಿಂಗಳು ಊರಿಗೆ ಹೋಗಿದ್ದೆ. ಗದಗದಿಂದ ಮುಂಡರಗಿಗೆ ಬಸ್ಸಿನಲ್ಲಿ ಹೋಗುವಾಗ ಕಿವಿಗೆ ಸಿಕ್ಕಿಸಿಕೊಂಡಿದ್ದು ಎಲಾ ಫಿಟ್ಜ್‌ಜೆರಾಲ್ಡ್ ಎಂಬ ಅಮೆರಿಕದ ಜಾಝ್ ಗಾಯಕಿಯ ಹಾಡುಗಳು. ಗೆಳೆಯನೊಬ್ಬ ಕಳಿಸಿದ್ದ, ಕೇಳಲೇಬೇಕು ಅಂತ ತಾಕೀತು ಬೇರೆ. ಡಂಬಳ ದಾಟುವ ಹೊತ್ತಿಗೆ ನನಗೆ ಎಲಾ ಮರೆತುಹೋಗಿ ನಮ್ಮಜ್ಜ ನೆನಪಾಗತೊಡಗಿದ್ದ. ಎತ್ತಣ ಮಾಮರ ಎತ್ತಣ ಕೋಗಿಲೆ ಅಂತೀರಾ? ಸ್ವಲ್ಪ ತಾಳಿ, ಹೇಳ್ತೀನಿ.

ನಾನು ಕೇಳುತ್ತಿದ್ದ ಆಲ್ಬಮ್ 1956ರದು. ಕೋಲ್ ಪೋರ್ಟರ್ ಎಂಬಾತ ನಾಟಕಗಳಿಗೆ, ಸಿನಿಮಾಗಳಿಗೆ ಬರೆದು ರಾಗ ಹಾಕಿದ ಮೂವತ್ತೆರಡು ಹಾಡುಗಳನ್ನು ಎಲಾ ಅದರಲ್ಲಿ ಹಾಡಿದ್ದಾಳೆ. ನಿರ್ಮಾಪಕ ನಾರ್ಮನ್ ಗ್ರಾಂಜ್. ಅದು ಗೆದ್ದ ಮೇಲೆ 1964ರವರೆಗೆ ಇಂಥವೇ ಒಟ್ಟು ಎಂಟು ‘ಸಾಂಗ್ ಬುಕ್’ಗಳು ಬಂದವು: ಇರ್ವಿಂಗ್ ಬರ್ಲಿನ್, ಗರ್ಶ್ವಿನ್ ಸೋದರರು, ಡ್ಯೂಕ್ ಎಲಿಂಗ್ಟನ್, ಹೀಗೆ. ಇವುಗಳಲ್ಲಿ ಬಹಳಷ್ಟು ಬ್ರಾಡ್‌ವೇ ನಾಟಕಗಳ ಹಾಡುಗಳು. ಎಷ್ಟೋ ನಾಟಕಗಳನ್ನು ಜನ ಮರೆತೇಬಿಟ್ಟಿದ್ದರು, ಆದರೆ ಹಾಡುಗಳು ಮಾತ್ರ ಉಳಿದವು. ನನ್ನ ಗಮನ ಸೆಳೆದದ್ದು ಇನ್ನೊಂದು ಸಂಗತಿ. ರಟ್ಟಿನ ಮೇಲೆ ಹಾಡಿದವಳ ಹೆಸರಿನ ಜೊತೆಗೇ ಹಾಡು ಕಟ್ಟಿದವರ ಹೆಸರನ್ನೂ ದೊಡ್ಡದಾಗಿ ಅಚ್ಚು ಹಾಕಿದ್ದರು. ಹಾಡು ಬರೆದ ಐರಾ ಗರ್ಶ್ವಿನ್ ಕೂಡ, ತಮ್ಮ ಹಾಡುಗಳು ಇಷ್ಟು ಚೆನ್ನಾಗಿವೆ ಅಂತ ಎಲಾ ಹಾಡಿದ ಮೇಲೆಯೇ ಗೊತ್ತಾಯಿತು ಎಂಬರ್ಥದ ಮಾತು ಹೇಳಿದ್ದರಂತೆ.

ಈಗ ನಮ್ಮಜ್ಜನ ಕಡೆ ಬರೋಣ. ಅಜ್ಜನಿಗೆ ಸಂಗೀತದ ಪಾಠ ಆಗಿರಲಿಲ್ಲ. ಆದರೆ ಸಂಜೆ ಕಟ್ಟೆಯ ಮೇಲೆ ಕೂತು ಒಂದು ಹಾಡು ಹಾಡುತ್ತಿದ್ದ. ನನಗೆ ತಿಳಿದಮಟ್ಟಿಗೆ ಅದು ಭೀಮಪಲಾಸ. ಸಣ್ಣವನಿದ್ದಾಗ ಶಿರಹಟ್ಟಿ ಫಕೀರೇಶ್ವರ ಜಾತ್ರೆಗೆ ಬಂದ ನಾಟಕದ ಕಂಪನಿಯಲ್ಲಿ ಕೇಳಿದ್ದಂತೆ.

“ಅಜ್ಜಾ, ಇದು ಯಾರ ಪದಾ?” ಅಂತ ಕೇಳಿದ್ದೆ ಒಮ್ಮೆ.

“ಯಾರ ಪದಾ ಅಂದ್ರ? ಕಂಪನೀ ಪದಾ.”

“ಕಟ್ಟಿದವ್ರು ಯಾರು?”

“ಅದನ್ನ ಯಾವನು ಕೇಳ್ತಿದ್ದಾ ತಮ್ಮಾ? ಹಾಡಾವ ಚೊಲೋ ಹಾಡಿದ್ರ ಸಾಕಾಗಿತ್ತು.”

ಈ ಮಾತು ಎಷ್ಟು ದೊಡ್ಡ ಇತಿಹಾಸದ ತುದಿ ಅಂತ ನನಗೆ ಆಮೇಲೆ ಗೊತ್ತಾಯಿತು.

ನಮ್ಮ ಗದಗ ಸೀಮೆ ನಾಟಕದ ಹಾಡಿನ ತವರು. 1870ರ ದಶಕದಲ್ಲಿ ಇಲ್ಲಿ ಮಾಸ್ತರರಾಗಿದ್ದ ಸಕ್ಕರಿ ಬಾಳಾಚಾರ್ಯರು, ಅಂದರೆ ನಮ್ಮ ಶಾಂತಕವಿಗಳು, ವೀರನಾರಾಯಣ ಪ್ರಾಸಾದಿತ ಕೃತಪುರ ನಾಟಕ ಮಂಡಳಿ ಕಟ್ಟಿದರು. ಕೃತಪುರ ಅಂದರೆ ಗದಗ. ಎಲ್ಲಿ ನೋಡಿದರೂ ಮರಾಠಿ ನಾಟಕ ಮಂಡಳಿಗಳದೇ ಅಬ್ಬರ ಇದ್ದ ಕಾಲ ಅದು. ಕನ್ನಡದವರು ಕನ್ನಡ ನಾಟಕ ನೋಡಲಿ ಅನ್ನುವುದು ಶಾಂತಕವಿಗಳ ಹಟ. ಆಮೇಲೆ ಶಿರಹಟ್ಟಿ ವೆಂಕೋಬರಾಯರ ಕಂಪನಿ ಬಂತು. ಎಚ್ಚಮನಾಯಕ ನಾಟಕದ ಗರುಡ ಸದಾಶಿವರಾಯರು ಗದಗದಲ್ಲಿ ದತ್ತಾತ್ರೇಯ ನಾಟಕ ಮಂಡಳಿ ನಡೆಸಿದರು. ಲಕ್ಷ್ಮೇಶ್ವರದ ಬಚ್ಚಾಸಾನಿ ಹೆಣ್ಣುಮಕ್ಕಳದೇ ಕಂಪನಿ ಕಟ್ಟಿದರು. ಕಂಪನಿಗಳು ಸಾಮಾನು ಸರಂಜಾಮು ತುಂಬಿಕೊಂಡು ಊರೂರು ತಿರುಗಲು, 1880ರ ದಶಕದಲ್ಲೇ ರೈಲು ಕಂಡ ಗದಗ ಅನುಕೂಲದ ಊರು.

ಮರಾಠಿ ಹೇಗೆ ಬಂತು ಅಂದರೆ, ಆಗ ಈ ನಾಲ್ಕು ಊರುಗಳೂ ಒಂದೇ ಆಡಳಿತದಲ್ಲಿರಲಿಲ್ಲ. ಗದಗ, ಮುಂಡರಗಿ ಮುಂಬಯಿ ಪ್ರಾಂತಕ್ಕೆ ಸೇರಿದ್ದವು. ಶಿರಹಟ್ಟಿ ಸಾಂಗಲಿ ಸಂಸ್ಥಾನದ್ದು, ಲಕ್ಷ್ಮೇಶ್ವರ ಮಿರಜ ಸಂಸ್ಥಾನದ್ದು. ಎರಡೂ ಕಡೆ ಪಟವರ್ಧನರೇ ರಾಜರು. ಅದೇ ಸಾಂಗಲಿಯ ರಾಜರ ಆಶ್ರಯದಲ್ಲೇ ವಿಷ್ಣುದಾಸ ಭಾವೆ 1843ರಲ್ಲಿ ಸೀತಾ ಸ್ವಯಂವರ ಆಡಿಸಿದ್ದು, ಮರಾಠಿ ರಂಗಭೂಮಿ ಶುರುವಾಗಿದ್ದು ಅಲ್ಲಿಂದ. ಅದಕ್ಕೆ ಸ್ಫೂರ್ತಿ ನಮ್ಮ ಉತ್ತರ ಕನ್ನಡದ ಕರ್ಕಿಯಿಂದ ಹೋಗಿದ್ದ ಯಕ್ಷಗಾನದ ಮೇಳ! 1880ರಲ್ಲಿ ಪುಣೆಯಲ್ಲಿ ಸಂಗೀತ ಶಾಕುಂತಲ ಆಡಿದ ಅಣ್ಣಾಸಾಹೇಬ ಕಿರ್ಲೋಸ್ಕರರೂ ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು. ಅವರ ಹಾಡುಗಳಲ್ಲಿ ಕನ್ನಡದ ಧಾಟಿಗಳೂ ಇದ್ದವು. ನಾವು ಕೊಟ್ಟೆವು, ಅವರಿಂದ ಇಸಿದುಕೊಂಡೆವು, ಲೆಕ್ಕ ಇಟ್ಟವರು ಯಾರೂ ಇಲ್ಲ.

ಹಳೆಯ ಕನ್ನಡ ನಾಟಕದ ಪುಸ್ತಕ ತೆಗೆದು ನೋಡಿ. ಹಾಡಿನ ತಲೆಯ ಮೇಲೆ ‘ಚಾಲಿ’ ಅಥವಾ ‘ಮಟ್ಟು’ ಅಂತ ಬರೆದು, ಯಾವ ಹಾಡಿನಂತೆ ಹಾಡಬೇಕು ಅಂತ ಇನ್ನೊಂದು ಹಾಡಿನ ಮೊದಲ ಶಬ್ದ ಕೊಟ್ಟಿರುತ್ತಾರೆ. ರಾಗ ಕಟ್ಟಿದವರ ಹೆಸರಿನ ಜಾಗದಲ್ಲಿ ಮತ್ತೊಂದು ಹಾಡು! ಆ ಹಾಡಿಗೆ ಇನ್ನೊಂದು ಹಾಡು ಮೂಲ... ಕದ್ದರು ಅಂತ ನಾನು ಹೇಳುತ್ತಿಲ್ಲ. ಧಾಟಿ ಅನ್ನುವುದು ಊರ ಬಾವಿಯ ನೀರಿನ ಹಾಗೆ, ಯಾರು ಬೇಕಾದರೂ ಸೇದಬಹುದು ಎಂಬ ಕಾಲ ಅದು.

ಆದರೆ ಮರಾಠಿಯವರು ಬೇಗ ಎಚ್ಚರಾದರು. 1911ರ ಮಾನಾಪಮಾನ ನಾಟಕಕ್ಕೆ ಸಂಗೀತ ಗೋವಿಂದರಾವ್ ಟೆಂಬೆ, 1916ರ ಸ್ವಯಂವರಕ್ಕೆ ಭಾಸ್ಕರಬುವಾ ಬಖಲೆ ಅಂತ ಇವತ್ತಿಗೂ ಅಲ್ಲಿನ ಕೇಳುಗರು ಹೇಳುತ್ತಾರೆ. ಖ್ಯಾಲ್ ಹಾಡುವ ದೊಡ್ಡ ಗಾಯಕರೂ ಕಛೇರಿಯ ಕೊನೆಗೆ ನಾಟ್ಯಗೀತೆ ಹಾಡುತ್ತಾರೆ. ಅಮೆರಿಕದವರು ‘ಸ್ಟ್ಯಾಂಡರ್ಡ್’ ಅನ್ನುವುದು ಇಂಥ ಹಾಡುಗಳಿಗೇ. ನಾಟಕ ಬಿದ್ದರೂ ಹಾಡು ಬೀಳುವುದಿಲ್ಲ, ಹೊಸ ಗಾಯಕರು ಅದನ್ನು ಮತ್ತೆ ಮತ್ತೆ ಎತ್ತಿಕೊಳ್ಳುತ್ತಾರೆ.

ನಮ್ಮಲ್ಲಿ ಕಂಠಕ್ಕೇನು ಕಡಿಮೆಯಿತ್ತೇ? ಮಲ್ಲಿಕಾರ್ಜುನ ಮನಸೂರರು ಬಾಲನಟರಾಗಿ ಹಾಡಿದ್ದು ವಾಮನರಾಯ ಮಾಸ್ತರರ ನಾಟಕ ಕಂಪನಿಯಲ್ಲಿ. ಕುಂದಗೋಳದ ಸವಾಯಿ ಗಂಧರ್ವರು ಮರಾಠಿ ರಂಗಭೂಮಿಯಲ್ಲಿ ಹೆಸರಾದವರು. ಗದಗದ ವೀರೇಶ್ವರ ಪುಣ್ಯಾಶ್ರಮದಲ್ಲಂತೂ ಪಂಚಾಕ್ಷರಿ ಗವಾಯಿಗಳು ಬಿಟ್ಟುಹೋದ ಕೆಲಸವನ್ನು ನಡೆಸಲು, ಅಂಧ ಮಕ್ಕಳಿಗೆ ಅನ್ನ ಮತ್ತು ಸಂಗೀತ ಎರಡೂ ಕೊಡಲು, ಪುಟ್ಟರಾಜ ಗವಾಯಿಗಳು (1914–2010) ತಾವೇ ನಾಟಕ ಬರೆದು ನಾಟ್ಯ ಸಂಘ ನಡೆಸಿದರು. ನಾಟಕದ ಹಾಡು ಹಗುರ, ಖ್ಯಾಲ್ ಗಂಭೀರ ಅನ್ನುವ ಭೇದ ನಮ್ಮ ಸೀಮೆಯ ಗಂಟಲಿಗೆ ಗೊತ್ತಿರಲಿಲ್ಲ.

ಭೀಮಸೇನ ಜೋಶಿಯವರ ಕತೆ ನಿಮಗೆ ಗೊತ್ತೇ ಇದೆ. 1922ರಲ್ಲಿ ಹುಟ್ಟಿ ಗದಗದಲ್ಲಿ ಬೆಳೆದ ಹುಡುಗ, ಅಬ್ದುಲ್ ಕರೀಂ ಖಾನರು ಝಿಂಝೋಟಿಯಲ್ಲಿ ಹಾಡಿದ ಠುಮ್ರಿಯ ರೆಕಾರ್ಡ್ ಕೇಳಿ ಹುಚ್ಚಾಗಿ, 1933ರಲ್ಲಿ, ಹನ್ನೊಂದರ ವಯಸ್ಸಿಗೆ, ಗುರುವನ್ನು ಹುಡುಕಿಕೊಂಡು ಮನೆ ಬಿಟ್ಟದ್ದು. ಆ ರೆಕಾರ್ಡಿನ ಒಂದು ಮಗ್ಗುಲು ಮೂರು ನಿಮಿಷ ಓಡಿದರೆ ಹೆಚ್ಚು. ಅಷ್ಟರಲ್ಲೇ ಒಂದು ಜೀವನದ ದಾರಿ ಬದಲಾಯಿತು! ರೆಕಾರ್ಡಿನ ಮೇಲೆ ಹೆಸರಿತ್ತು, ಆ ಹೆಸರಿನ ಗವಾಯಿ ಮಿರಜದಲ್ಲಿದ್ದರು, ಅವರ ಶಿಷ್ಯರು ಕುಂದಗೋಳದಲ್ಲಿ ಸಿಕ್ಕರು. ಮುಂದೆ ಭೀಮಸೇನರು ಮರಾಠಿ ಅಭಂಗ, ನಾಟ್ಯಗೀತೆ, ಕನ್ನಡ ದಾಸರ ಪದ ಎಲ್ಲ ಹಾಡಿದರು. ಭಾಗ್ಯಶ್ರೀ ಎಂಬ ಕನ್ನಡ ನಾಟಕದಲ್ಲಿ ಪಾತ್ರವನ್ನೂ ಮಾಡಿದ್ದರು. ಆದರೆ ದಾಸರ ಪದಗಳ ಹಾಗೆ ಕನ್ನಡ ಕಂಪನಿಯ ಹಾಡುಗಳು ಕಛೇರಿಗೆ ಏರಲಿಲ್ಲ. ದಾಸರ ಪದದ ಕೊನೆಯಲ್ಲಿ ಅಂಕಿತ ಇರುತ್ತದೆ, ಯಾರದು ಅಂತ ಕೇಳುವ ಹಾಗೇ ಇಲ್ಲ. ಕಂಪನಿ ಪದಕ್ಕೆ ಅಂಕಿತ ಎಲ್ಲಿಂದ ತರೋದು?

ಇದೇ ಭೀಮಸೇನರ ಬಾಲ್ಯದ್ದು ಇನ್ನೊಂದು ಕತೆ ಇದೆ. ಭಜನೆ, ಬ್ಯಾಂಡಿನ ಮೆರವಣಿಗೆ ಹೋದರೆ ಸಾಕು, ಹುಡುಗ ಹಿಂದೆಯೇ ನಡೆದುಬಿಡುತ್ತಿದ್ದ. ದಣಿದಲ್ಲೇ ಮಲಗುತ್ತಿದ್ದ. ಹುಡುಕಿ ಹುಡುಕಿ ಸಾಕಾದ ತಂದೆ ಗುರುರಾಜಾಚಾರ್ಯರು ಮಗನ ಅಂಗಿಯ ಮೇಲೆ ‘ಜೋಶಿ ಮಾಸ್ತರರ ಮಗ’ ಅಂತ ಬರೆದುಬಿಟ್ಟರು. ಎಲ್ಲೇ ಕಳೆದುಹೋದರೂ ಯಾರಾದರೂ ಓದಿ ಮನೆಗೆ ತಂದು ಬಿಡುತ್ತಿದ್ದರು.

ಬಸ್ಸಿನಲ್ಲಿ ನನಗೆ ಹೊಳೆದದ್ದು ಇಷ್ಟೇ. ಎಲಾ ಹಾಡಿದ ಆ ಆಲ್ಬಮ್ಮುಗಳ ರಟ್ಟು ಅಂದರೆ ಹೆಸರು ಬರೆದ ಅಂಗಿ. ಹಾಡು ಎಲ್ಲಿಗೆ ಹೋದರೂ ತಿರುಗಿ ಮನೆಗೆ ಬರುತ್ತದೆ. ನಮ್ಮ ಕಂಪನಿ ಹಾಡುಗಳನ್ನು ನಾವು ಮೆರವಣಿಗೆಯ ಹಿಂದೆ ಬರಿಗೈಯಲ್ಲಿ ಬಿಟ್ಟೆವು.

ಎಲ್ಲ ಮುಗಿದುಹೋಯಿತು ಅಂತಲ್ಲ. ಏಣಗಿ ಬಾಳಪ್ಪನವರು (1914–2017) ಇಳಿವಯಸ್ಸಿನಲ್ಲೂ ರಂಗಗೀತೆ ಹಾಡಿದರು. ಹಳೇ ಮೈಸೂರಿನ ಕಡೆ ಆರ್. ಪರಮಶಿವನ್ ಅಂಥವರು ಕಂಪನಿ ಹಾಡುಗಳನ್ನು ಹೊಸಬರಿಗೆ ಕಲಿಸಿದರು. ಗುಬ್ಬಿ ಕಂಪನಿಯಲ್ಲಿ ಬೆಳೆದ ಬಿ.ವಿ. ಕಾರಂತರ ರಂಗಗೀತೆಗಳನ್ನು ಇವತ್ತು ಅವರ ಹೆಸರಿನಿಂದಲೇ ಗುರುತಿಸುತ್ತೇವೆ. ಆದರೆ ಶಿರಹಟ್ಟಿ ಜಾತ್ರೆಯಲ್ಲಿ ನಮ್ಮಜ್ಜ ಕೇಳಿದ ಹಾಡಿನಂಥವು ಇನ್ನೂ ಅಲ್ಲಲ್ಲಿ ಮುದುಕರ ಬಾಯಲ್ಲಿ ಇರಬಹುದು. ನಿಮ್ಮ ಮನೆಯಲ್ಲಿ ಅಂಥವರಿದ್ದರೆ ಮೊಬೈಲ್ ಮುಂದಿಟ್ಟು ಹಾಡಿಸಿ. ಯಾವ ಊರು, ಯಾವ ಕಂಪನಿ, ಯಾವ ನಾಟಕ, ಹಾಡುತ್ತಿದ್ದವರು ಯಾರು ಅಂತ ಕೇಳಿ ಬರೆದಿಡಿ. ನಾನು ಅಜ್ಜನನ್ನು ಕೇಳಿದ್ದು ಒಮ್ಮೆ ಮಾತ್ರ, ಅವನು ನಕ್ಕ ಮೇಲೆ ಸುಮ್ಮನಾಗಿಬಿಟ್ಟೆ. ಈಗ ಅಜ್ಜ ಇಲ್ಲ.

ಅವತ್ತು ರಾತ್ರಿ ಮುಂಡರಗಿಯಲ್ಲಿ, ಅದೇ ಕಟ್ಟೆಯ ಮೇಲೆ ಕೂತು, ನೆನಪಿದ್ದಷ್ಟು ಗುನುಗಿ ರೆಕಾರ್ಡ್ ಮಾಡಿಕೊಂಡೆ. ನನ್ನ ಗಂಟಲು ಕಾಗೆಯದು, ಇರಲಿ. ಕೆಳಗೆ ಹೀಗೆ ಬರೆದಿಟ್ಟಿದ್ದೇನೆ: ಕೇಳಿದ್ದು ಶಿರಹಟ್ಟಿ ಜಾತ್ರೆ. ಹಾಡಿದ್ದು ನಮ್ಮಜ್ಜ. ಕಟ್ಟಿದವರು, ಅಂತ ಬರೆದು ಮುಂದೆ ಜಾಗ ಬಿಟ್ಟಿದ್ದೇನೆ.